ಅಕ್ಕನ ಉಡಿಯಲ್ಲಿ ನಡುಗುವ ಫೋನು

ನನ್ನ ಕರೆ ಬಂದಾಗ ಮಾತ್ರ ಅಕ್ಕನ ಫೋನು ಬೇರೆ ಥರ ನಡುಗುವಂತೆ ಮಾಡಿಕೊಡಿ ಎಂದು ಕೇಳಲು ಬಸವಕಲ್ಯಾಣದ ಒಂದು ಮೊಬೈಲ್ ಅಂಗಡಿಗೆ ಹೋಗಿದ್ದೆ. ಅಂಗಡಿಯವನು ನನಗೆ ಹಳೆಯ ಪರಿಚಯ. ಅವನ ಮನೆಯ ಹೆಣ್ಣುಮಕ್ಕಳ ಸಲ್ವಾರು, ಕುಬಸ ಎಲ್ಲ ಹೊಲಿದುಕೊಡುವವಳು ನಾನೇ. ಅಕ್ಕನ ಫೋನನ್ನು ಹಿಂದೆ ಮುಂದೆ ತಿರುಗಿಸಿ ನೋಡಿ ಅವನು ಅಂದ:

"ಆಪಾ, ಸೌಂಡ್ ಬೇಕಾದ್ದು ಹಾಕಿಕೊಡ್ತೀನ್ರಿ. ಕೋಳಿ ಕೂಗೂದು, ಕೂಸು ನಗೂದು, ಎಲ್ಲಾ ಅದ. ನಿಮ್ಮ ಫೋಟೋನೂ ಬರೂಹಂಗ ಮಾಡ್ತೀನಿ. ನಡುಗೂದು ಮಾತ್ರ ಈ ಫೋನಿನ್ಯಾಗ ಎಲ್ಲಾರಿಗೂ ಒಂದೇ."

"ಆಕಿಗಿ ಹುಟ್ಟಿದಾಗಿಂದ ಕಿವಿ ಕೇಳಂಗಿಲ್ಲ. ಈಗ ಕಣ್ಣೂ ಹೋಗ್ಯಾವ. ಸೌಂಡ್ ತೊಗೊಂಡು ಏನು ಉಪ್ಪಿನಕಾಯಿ ಹಾಕ್ಲೇನು?" ಎಂದೆ. ನನ್ನ ಬಾಯಿಯೇ ಹಾಗೆ, ಗಿರಾಕಿಗಳೂ ಅದನ್ನು ಸಹಿಸಿಕೊಂಡೇ ಬರುತ್ತಾರೆ.

ಅವನಿಗೆ ಬೇಸರವಾಗಲಿಲ್ಲ. ಫೋನನ್ನು ಮೆಲ್ಲಗೆ ಗಾಜಿನ ಮೇಲಿಟ್ಟು, "ಹಂಗಿದ್ರ ಅವ್ರಿಗಿ ಫೋನ್ ಯಾಕ ಬೇಕ್ರಿ ಆಪಾ?" ಎಂದು ಕೇಳಿದ. ಕುಹಕವಿರಲಿಲ್ಲ, ನಿಜವಾಗಿಯೇ ಕೇಳಿದ್ದ. ನನಗೆ ಸಿಟ್ಟು ಬಂತು. ಫೋನು ತೆಗೆದುಕೊಂಡು ಬಂದುಬಿಟ್ಟೆ.

ಅಕ್ಕ ನನಗಿಂತ ದೊಡ್ಡವಳು. ಮುಡಬಿಯಲ್ಲಿ ನಮ್ಮ ಅವ್ವ ಊರವರಿಗೆ ಕೌದಿ ಹೊಲಿದುಕೊಡುತ್ತಿದ್ದಳು. ಹಳೆಯ ಸೀರೆ, ಹರಿದ ಧೋತರ, ಯಾರದೋ ಕೂಸಿನ ಅಂಗಿ ಎಲ್ಲ ಜೋಡಿಸಿ ಒಂದು ದಪ್ಪ ಹೊದಿಕೆ. ಶಾಲೆ ಬಿಟ್ಟು ಬಂದರೆ ನನ್ನನ್ನೂ ಅಕ್ಕನನ್ನೂ ಎದುರುಬದುರು ಕೂರಿಸಿ ಕೌದಿಯನ್ನು ಇಬ್ಬರ ತೊಡೆಯ ಮೇಲೆ ಹರಡುತ್ತಿದ್ದಳು. ಕೌದಿ ಹೊಲಿಯುವಾಗ ಒಂದು ಕೈ ಮೇಲಿರುತ್ತದೆ, ಒಂದು ಕೈ ಬಟ್ಟೆಯ ಕೆಳಗಿದ್ದು ಸೂಜಿಗಾಗಿ ಕಾಯುತ್ತದೆ. ನಾವಿಬ್ಬರೂ ಮಾತು ಕಲಿತದ್ದು ಆ ಕೆಳಗಿನ ಕೈಗಳಲ್ಲಿ.

ಮೇಲಿನ ಕೈ ಸುಮ್ಮನೆ ಎಳೆ ಎಳೆಯುತ್ತಿತ್ತು. ಕೆಳಗೆ ಅಕ್ಕನ ಬೆರಳು ನನ್ನ ಅಂಗೈಯಲ್ಲಿ ಊರಿನ ಸುದ್ದಿಯನ್ನೆಲ್ಲ ಹೇಳುತ್ತಿತ್ತು. ಹೆಬ್ಬೆರಳಿನಿಂದ ತೋರುಬೆರಳ ತುದಿ ಉಜ್ಜಿದರೆ ಅವ್ವ, ಏಕೆಂದರೆ ಅವ್ವನ ಆ ಬೆರಳು ಸೂಜಿ ಚುಚ್ಚಿ ಚುಚ್ಚಿ ಒರಟಾಗಿತ್ತು. ಮುಷ್ಟಿಯ ಮೇಲೆ ಮುಷ್ಟಿ ಇಟ್ಟರೆ ಕಲ್ಯಾಣ, ಅಲ್ಲಿ ಕೋಟೆ ಇದೆ. ಸ್ಟೇರಿಂಗ್ ತಿರುಗಿಸಿದರೆ ಹುಮನಾಬಾದ, ಅಲ್ಲಿ ಹೆದ್ದಾರಿಯ ಲಾರಿಗಳು ನಿಲ್ಲುತ್ತವೆ. ನನ್ನ ಹೆಸರು ಮಾತ್ರ ಕೈಯಲ್ಲಿರಲಿಲ್ಲ, ಕಿವಿಯಲ್ಲಿತ್ತು. ದಿನಕ್ಕೊಮ್ಮೆಯಾದರೂ ಅವ್ವ ನನ್ನ ಕಿವಿ ಹಿಂಡುತ್ತಿದ್ದಳಾದ್ದರಿಂದ, ಅಕ್ಕ ಕಿವಿಯ ತುದಿ ಹಿಡಿದು ಎಳೆದರೆ ಅದು ನಾನು. ಕೆಲವೊಮ್ಮೆ ಕೆಳಗೆ ಏನೋ ಹೇಳಿ ಇಬ್ಬರೂ ಒಮ್ಮೆಲೇ ಕಿಸಕ್ಕನೆ ನಗುತ್ತಿದ್ದೆವು. "ಏನ್ ಕಿಸೀತೀರಿ ಹಲ್ಲು? ಹೊಲಿಗಿ ಟಾಕಿ ಸೊಟ್ಟ ಬಿತ್ತಂದ್ರ ಕೈ ಮುರೀತೀನಿ" ಎಂದು ಅವ್ವ ಬೈದರೆ ಅದು ನನಗೊಬ್ಬಳಿಗೇ ಕೇಳುತ್ತಿತ್ತು. ಬೈಗುಳದಲ್ಲಿ ಅಕ್ಕನ ಪಾಲನ್ನೂ ನಾನೇ ಉಂಡೆ.

ಅಕ್ಕನನ್ನು ಹುಮನಾಬಾದಿಗೆ ಕೊಟ್ಟರು, ನನ್ನನ್ನು ಬಸವಕಲ್ಯಾಣಕ್ಕೆ. ಭಾವ ಒಳ್ಳೆಯ ಮನುಷ್ಯ. ಕೈಮಾತು ಮಾತ್ರ ಕಲಿಯಲಿಲ್ಲ. ಊಟ, ನೀರು, ಬಾ, ಹೋಗು, ಇಷ್ಟರಲ್ಲೇ ಸಂಸಾರ ಮಾಡಿ ಮುಗಿಸಿದ. ಬಸ್ಸು ಹತ್ತಿದರೆ ಬಂದೇಬಿಡುವ ಊರು, ಆದರೆ ಹೊಲಿಗೆ ಬಿಟ್ಟು ಹತ್ತುವುದು ಯಾವಾಗ? ಫೋನು ಬಂದ ಮೇಲಂತೂ ಇನ್ನೂ ಹೊಟ್ಟೆ ಉರಿಯಿತು. ಎಲ್ಲರ ಅಕ್ಕಂದಿರೂ ಫೋನಿನಲ್ಲಿ ಮಾತಾಡುತ್ತಿದ್ದರು. ನಾನು ಮಾಡಿದರೆ ಭಾವ ಎತ್ತಿ, "ಆರಾಮದಾಳ" ಎನ್ನುತ್ತಿದ್ದ. ವರ್ಷಗಟ್ಟಲೆ ನನ್ನ ಅಕ್ಕ ಬೇರೆಯವರ ನಾಲಿಗೆಯ ಮೇಲೆ ಬರೀ ಆರಾಮವಾಗಿದ್ದಳು.

ಆಮೇಲೆ ಮುಖ ಕಾಣುವ ಫೋನು ಬಂತು. ಮೊದಲ ಸಲ ವಿಡಿಯೋದಲ್ಲಿ ನನ್ನನ್ನು ಕಂಡಾಗ ಅಕ್ಕ ಬೆರಳು ಚಾಚಿ ಗಾಜಿನ ಮೇಲೆ ನನ್ನ ಕಿವಿ ಇದ್ದ ಜಾಗವನ್ನು ಒತ್ತಿದಳು. ಒತ್ತಿ ನಕ್ಕಳು. ನಾನು ಅಂಗಡಿಯಲ್ಲಿ ಮಷೀನಿನ ಮೇಲೆ ತಲೆಯಿಟ್ಟು ಅತ್ತೆ.

ಅಲ್ಲಿಂದ ನಮ್ಮ ಕಾರುಬಾರು ಶುರುವಾಯಿತು. ಭಾವ ಆಗಲೇ ತೀರಿಕೊಂಡಿದ್ದ. ಅಕ್ಕನ ಮಗ ಟೆಂಪೋ ಓಡಿಸಲು ಹೋದರೆ, ಸೊಸೆ ಪಕ್ಕದ ಹುಡಗಿ ಎಂಬ ಊರಿನ ಶಾಲೆಗೆ ಬಿಸಿಯೂಟ ಮಾಡಲು ಹೋದರೆ, ಮನೆಯಲ್ಲಿ ಅಕ್ಕ ಒಬ್ಬಳೇ. ಫೋನನ್ನು ಅವಳು ಉಡಿಯಲ್ಲಿ ಕಟ್ಟಿಕೊಂಡಿರುತ್ತಿದ್ದಳು. ಅಕ್ಕಿ, ಕೊಬ್ಬರಿ, ಅರಿಶಿನದ ಕೊಂಬು ತುಂಬುವ ಉಡಿಯಲ್ಲಿ ಈಗ ಫೋನು. ಅದು ಹೊಟ್ಟೆಯ ಹತ್ತಿರ ನಡುಗಿದರೆ ನಾನು ಕರೆದೆ ಎಂದರ್ಥ. ಓಡಿ ಅಂಗಳದ ಬಿಸಿಲಿಗೆ ಬಂದು ಕಟ್ಟೆಯ ಮೇಲೆ ಕೂತು, ಫೋನನ್ನು ನೀರಿನ ಕೊಡಕ್ಕೆ ಆನಿಸಿ, ಎರಡೂ ಕೈ ಬಿಚ್ಚುತ್ತಿದ್ದಳು. ಅಕ್ಷರ ಅವಳಿಗೆ ಅಷ್ಟಕ್ಕಷ್ಟೆ. ಆದರೆ ಫೋಟೋದಲ್ಲಿ ಪುರಾಣವನ್ನೇ ಬರೆಯುತ್ತಿದ್ದಳು. ಒಮ್ಮೆ ಒಂದು ಹೋಳಿಗೆಯ ಫೋಟೋ ಬಂತು, ಸ್ವಲ್ಪ ಹೊತ್ತಿಗೆ ಕಚ್ಚಿದ ಹೋಳಿಗೆ, ಆಮೇಲೆ ಖಾಲಿ ತಾಟು, ಕೊನೆಗೆ ತನ್ನದೇ ಕಿವಿಯನ್ನು ಎಳೆದು ಹಿಡಿದ ಫೋಟೋ. ನಿನ್ನ ಪಾಲನ್ನು ನಾನೇ ತಿಂದೆ ಎಂದರ್ಥ. ನಮ್ಮ ಬಳಗದವರ ಬುದ್ಧಿ ನೋಡಿ, ಹಬ್ಬ ಬಂದರೆ ಅವಳಿಗೂ ಮಾತು ರೆಕಾರ್ಡ್ ಮಾಡಿ ಕಳಿಸುತ್ತಿದ್ದರು. ಅವಳು ಅದನ್ನೂ ಬಿಡದೆ ಒತ್ತಿ, ಫೋನನ್ನು ಅಂಗೈಯಲ್ಲಿ ಹಿಡಿದು, ಒಳಗಿನ ದನಿ ಗುಯ್ಯೆನ್ನುವುದನ್ನು ಮುಟ್ಟಿ ನೋಡಿ ತಲೆಯಾಡಿಸುತ್ತಿದ್ದಳು.

ನಾನು ಆಗ ಸುಖವಾಗಿದ್ದೆ. ಈಗ ಅನ್ನಿಸುತ್ತದೆ, ನನ್ನ ಆಯುಷ್ಯದಲ್ಲಿ ಅಷ್ಟು ಸುಖವಾಗಿ ನಾನು ಯಾವತ್ತೂ ಇರಲಿಲ್ಲ.

ಸಕ್ಕರೆ ಕಾಯಿಲೆ ಅವಳ ಒಂದು ಕಣ್ಣನ್ನು ಮೊದಲು ಮಂದ ಮಾಡಿತು. ಅದು ಎಲ್ಲರಿಗೂ ಗೊತ್ತಿತ್ತು. ಮಗ ಡಾಕ್ಟರರಿಗೆ ತೋರಿಸಿದ, ಔಷಧ ಬಂತು. ಇನ್ನೊಂದು ಗಟ್ಟಿ ಇದೆ ಎಂದು ಅಕ್ಕ ಎಲ್ಲರಿಗೂ ಕಣ್ಣು ಅರಳಿಸಿ ತೋರಿಸುತ್ತಿದ್ದಳು. ಆದರೆ ಅವಳ ಫೋಟೋಗಳು ಸೊಟ್ಟ ಬರತೊಡಗಿದವು. ಅರ್ಧ ಹೆಬ್ಬೆರಳು, ಬರೀ ಗೋಡೆ, ಒಮ್ಮೆ ಬರೀ ಆಕಾಶ. ನಾನು ತಮಾಷೆ ಮಾಡಿದೆ. ವಿಡಿಯೋದಲ್ಲಿ ನಾನು ಏನು ಹೇಳಿದರೂ ನಕ್ಕು ತಲೆಯಾಡಿಸತೊಡಗಿದಳು. ಮುಡಬಿಯಲ್ಲಿ ನಮ್ಮ ಪಕ್ಕದ ಮನೆಯ ಮುದುಕಿ ತೀರಿಕೊಂಡಳೆಂದು ಕೈಯಲ್ಲಿ ಹೇಳಿದರೆ, ಅದಕ್ಕೂ ನಕ್ಕಳು. ಸತ್ತ ಸುದ್ದಿಗೂ ಹಲ್ಲು ಕಿಸಿಯುತ್ತೀಯಲ್ಲ ಎಂದು ಬೈದೆ. ಅದಕ್ಕೂ ನಕ್ಕಳು. ವಯಸ್ಸಾಯಿತು, ಹಗುರವಾಗಿದ್ದಾಳೆ ಎಂದುಕೊಂಡೆ. ನನ್ನ ಮುಖ ಅವಳಿಗೆ ಒಂದು ಬೆಳಕಿನ ಚೂರಾಗಿ ಮಾತ್ರ ಉಳಿದಿತ್ತು ಎಂದು ನನಗೆ ಹೊಳೆಯಲಿಲ್ಲ.

ಆ ವರ್ಷ ದಸರೆ ಕಳೆದ ಮೇಲೆ ಅಕ್ಕ ಮುನಿಸಿಕೊಂಡಳು. ಕರೆ ಮಾಡಿದರೆ ಎತ್ತಿ ಫೋನನ್ನು ಬೋರಲು ಹಾಕುತ್ತಿದ್ದಳು. ನನಗೆ ಕಾಣುವುದು ಬರೀ ಕತ್ತಲೆ, ಕೇಳುವುದು ಅವಳು ಪಾತ್ರೆ ಕುಕ್ಕುವ ಸಪ್ಪಳ. ದೀಪಾವಳಿಯ ಹೊಲಿಗೆ ತಲೆಯ ಮೇಲೆ ಕೂತಿತ್ತು. ನನಗೂ ರೋಷ ಬಂತು. ಮುನಿದರೆ ಮುನಿಯಲಿ ಎಂದು ಬಿಟ್ಟೆ. ಹಬ್ಬ ಮುಗಿದ ಮರುದಿನ ಮನಸ್ಸು ತಡೆಯದೆ ಬಸ್ಸು ಹತ್ತಿದೆ.

ಅಕ್ಕ ಕಟ್ಟೆಯ ಮೇಲೆ ಕೂತಿದ್ದಳು. ನಾನು ಎದುರು ಹೋಗಿ ನಿಂತರೂ ಮುಖ ಎತ್ತಲಿಲ್ಲ. ಮುನಿಸು ಎಂದುಕೊಂಡು ಪಕ್ಕದಲ್ಲಿ ಕೂತು ಕೈ ಹಿಡಿದೆ. ಬೆಚ್ಚಿಬಿದ್ದಳು. ನನ್ನ ಬಳೆ, ಮೊಣಕೈ, ಭುಜ ಸವರಿ ಕಿವಿಗೆ ಬಂದಳು. ಕಿವಿ ಸಿಕ್ಕ ಕೂಡಲೇ ನನ್ನನ್ನು ಜೋರಾಗಿ ನೂಕಿದಳು. ಆಮೇಲೆ ಅವಳ ಕೈಗಳು ಗಾಳಿಯಲ್ಲಿ ಬಡಿದಾಡಿ ನನ್ನನ್ನು ಬೈದವು: ನಾನು ನಿನಗೆ ಹೇಳಿದೆ. ಎರಡನೇ ಕಣ್ಣೂ ಕತ್ತಲಾಗುತ್ತಿದೆ, ಮಗನಿಗೆ ಹೇಳಲು ಧೈರ್ಯವಿಲ್ಲ, ನೀನು ಬಾ, ನೀನು ಕರೆದುಕೊಂಡು ಹೋಗು ಎಂದೆ. ಅಳುತ್ತಾ ಹೇಳಿದೆ. ನೀನು ನೋಡಿದೆ. ಬರಲಿಲ್ಲ.

ನನಗೆ ಅವಳು ಹೇಳಿಯೇ ಇರಲಿಲ್ಲ. ನಾನು ಸೊಸೆಯ ಮುಖ ನೋಡಿದೆ. ಅವಳು ರೊಟ್ಟಿಯ ಹಿಟ್ಟಿನ ಕೈಯಲ್ಲೇ ಬಂದು ಬಾಗಿಲಲ್ಲಿ ನಿಂತಿದ್ದಳು. ಅಕ್ಕ ಹೇಳಿದ್ದನ್ನು ಅವಳಿಗೆ ಬಾಯಲ್ಲಿ ಹೇಳಿದೆ. ಸೊಸೆ ಹಿಟ್ಟಿನ ಕೈಯನ್ನು ಸೆರಗಿಗೆ ಒರೆಸಿಕೊಂಡಳು.

"ಚಿಕ್ಕತ್ತಿ, ದಸರಾ ಸೂಟ್ಯಾಗ ಒಂದಿನಾ ಅತ್ತಿ ಇಲ್ಲೇ ಕುಂತು ಫೋನಿನ ಮುಂದ ಭಾಳ ಹೊತ್ತು ಕೈ ಮಾಡಾಕತ್ತಿದ್ರು. ಅಳಾಕತ್ತಿದ್ರು. ನಾ ಒಳಗ ರೊಟ್ಟಿ ಬಡೀತಿದ್ದೆ. ಫೋನಿನ ಸ್ಪೀಕರಿನ್ಯಾಗ ಯಾವಾಕಿನೋ ಒಬ್ಬಾಕಿ ಲೋನ್ ಬೇಕಾದ್ರ ಒಂದು ಒತ್ರಿ, ಬ್ಯಾಡಾದ್ರ ಎರಡು ಒತ್ರಿ ಅನ್ನಾಕತ್ತಿದ್ಳು. ನಿಮ್ಮ ಅಂಗಡ್ಯಾಗ ಟೀವಿ ಹಚ್ಚೀರಿ, ಅದರ ಸಪ್ಪಳ ಅಂತ ತಿಳದೆ ನಾ. ನಿಮ್ಮ ಕೂಡೇ ಮಾತಾಡಾಕತ್ತಾರ ಅಂತ ಸುಮ್ನಾದೆ."

ಇಂಥ ಕರೆಗಳು ಅಕ್ಕನಿಗೆ ಮೊದಲೂ ಬರುತ್ತಿದ್ದವು. ಆಗ ಕಣ್ಣಿತ್ತು. ಎತ್ತಿ ನೋಡಿ, ನನ್ನ ಮುಖವಿಲ್ಲದಿದ್ದರೆ ಬಂದ್ ಮಾಡುತ್ತಿದ್ದಳು. ಕಣ್ಣು ಹೋದ ಮೇಲೆ ಉಡಿಯಲ್ಲಿ ನಡುಗಿದ್ದೆಲ್ಲ ಅವಳಿಗೆ ನಾನೇ. ಯಾರಿಗೂ ಹೇಳದೆ ಬಚ್ಚಿಟ್ಟುಕೊಂಡಿದ್ದ ಮಾತನ್ನು, ಎಷ್ಟು ದಿನದ ಧೈರ್ಯ ಒಟ್ಟು ಮಾಡಿಯೋ, ಸಾಲ ಬೇಕೇ ಎಂದು ಕೇಳುವ ಒಂದು ಯಂತ್ರದ ಮುಂದೆ ಬಿಚ್ಚಿಟ್ಟಿದ್ದಳು. ಅದು ಪೂರಾ ಕೇಳಿಸಿಕೊಂಡಿತೋ, ನಡುವೆಯೇ ಕಟ್ಟಾಯಿತೋ, ಅವಳಿಗೂ ಗೊತ್ತಿಲ್ಲ.

ನಾನು ತಿಳಿಸಿ ಹೇಳಲು ಕೂತೆ. ಒಳಗೆ ಅಕ್ಕ ಹೊಲಿಯುತ್ತಿದ್ದ ಅರ್ಧ ಕೌದಿ ಇತ್ತು. ಕಣ್ಣಿಲ್ಲದೆಯೂ ಬರೀ ಬೆರಳಿನ ಅಂದಾಜಿನಲ್ಲಿ ಅವಳ ಟಾಕಿಗಳು ನೆಟ್ಟಗಿದ್ದವು. ಅದನ್ನು ತಂದು ಮೊದಲಿನಂತೆ ಇಬ್ಬರ ತೊಡೆಯ ಮೇಲೂ ಹರಡಿ ಕೆಳಗೆ ಕೈ ಇಟ್ಟೆ. ಅವಳು ತುಂಬಾ ಹೊತ್ತು ಕೈ ಕೊಡಲಿಲ್ಲ. ಆಮೇಲೆ ಕೊಟ್ಟಳು.

ಅವತ್ತು ಫೋನಿನಲ್ಲಿ ನಾನಿರಲಿಲ್ಲ ಎಂದು ಅವಳ ಅಂಗೈಯಲ್ಲಿ ಹೇಳಿದೆ. ನಾನಲ್ಲ, ನಾನಲ್ಲ.

ಮತ್ತೆ ಯಾರು, ಎಂದು ಅವಳ ಕೈ ಮೇಲ್ಮುಖವಾಗಿ ತಿರುಗಿತು.

ಯಾರೂ ಇಲ್ಲ.

ಯಾರೂ ಇಲ್ಲದೆ ಹೇಗೆ ನಡುಗುತ್ತದೆ?

ಇದಕ್ಕೆ ನಾನು ಏನು ಹೇಳಲಿ? ಒಮ್ಮೆ ರೆಕಾರ್ಡ್ ಮಾಡಿಟ್ಟ ದನಿ ಊರೂರಿಗೆ ತಾನಾಗಿಯೇ ಕರೆ ಮಾಡುತ್ತದೆ ಎಂಬುದನ್ನು, ಹುಟ್ಟಿನಿಂದ ದನಿಯನ್ನೇ ಕೇಳದವಳಿಗೆ ಯಾವ ಬೆರಳಿನಲ್ಲಿ ಹೇಳುವುದು? ಹಬ್ಬದ ಶುಭಾಶಯ ಮುಟ್ಟಿ ನೋಡಿದ್ದೆಯಲ್ಲ ಹಾಗೆ, ಎಂದು ತೋರಿಸಿದೆ. ಅದು ಬಳಗದವರು ಕಳಿಸಿದ್ದು, ಅದರಲ್ಲಿ ಜನ ಇದ್ದರು ಎಂದಳು. ಗಾಳಿ, ಎಂದೆ. ಗಾಳಿ ಫೋನು ಮಾಡುತ್ತದೆಯೇ, ಎಂದಳು. ನಮ್ಮ ಭಾಷೆಯನ್ನು ನಾವಿಬ್ಬರೇ ಕಟ್ಟಿದ್ದು. ಅದರಲ್ಲಿ ಅವ್ವ ಇದ್ದಾಳೆ, ರೊಟ್ಟಿ ಇದೆ, ಎಮ್ಮೆ ಇದೆ, ಸಿಟ್ಟು ಇದೆ, ಸಾವೂ ಇದೆ. ಮನುಷ್ಯರಿಲ್ಲದೆ ಬರುವ ಕರೆಗೆ ಮಾತ್ರ ಅದರಲ್ಲಿ ಮಾತಿರಲಿಲ್ಲ. ನಾನು ಎಷ್ಟು ಹೇಳಿದರೂ ಅವಳಿಗೆ ಒಂದೇ ತಿಳಿಯುತ್ತಿತ್ತು: ತಂಗಿ ನೋಡಿಯೂ ಬರಲಿಲ್ಲ, ಈಗ ನಾನಲ್ಲ ಎಂದು ಸುಳ್ಳು ಹೇಳುತ್ತಿದ್ದಾಳೆ. ಜಗತ್ತಿನಲ್ಲಿ ಯಾರ ಮುಂದೆ ಸುಳ್ಳಿಯಾದರೂ ನಡೆದೀತು, ಅವಳ ಮುಂದೆ ಆಗಬಾರದಿತ್ತು. ಮಾಡದ ತಪ್ಪಿಗೆ ಕ್ಷಮಿಸು ಎಂದು ಅವಳ ಕೈಯನ್ನು ನನ್ನ ಕೆನ್ನೆಗೆ ಒತ್ತಿಕೊಂಡೆ. ಅದು ಅವಳಿಗೆ ಅರ್ಥವಾಯಿತು. ಅರ್ಥವಾದದ್ದೇ ತಪ್ಪಾಯಿತು, ನಾನು ಒಪ್ಪಿಕೊಂಡೆ ಎಂದು ತಿಳಿದಳು.

ಆ ವಾರವೇ ಕಣ್ಣಿನ ಆಸ್ಪತ್ರೆಗೆ ಕರೆದೊಯ್ದೆವು. ಡಾಕ್ಟರು ಬೆಳಕು ಬಿಟ್ಟು ನೋಡಿ, ಇನ್ನು ಏನೂ ಮಾಡಲಾಗದು ಎಂದರು. ಮೊದಲೇ ಬಂದಿದ್ದರೆ ಎಂದು ನಾನು ಕೇಳಿದೆ. "ಹೇಳಾಕ ಬರಂಗಿಲ್ರಿ. ಉಳೀತಿತ್ತು ಅಂತ ಹ್ಯಾಂಗ ಹೇಳ್ಲಿ, ಇಲ್ಲ ಅಂತ ಹ್ಯಾಂಗ ಹೇಳ್ಲಿ," ಎಂದರು. ಬೈದಿದ್ದರೆ ಚೆನ್ನಾಗಿತ್ತು. ವಾಪಸು ಬರುವಾಗ ಬಸ್ಸಿನಲ್ಲಿ ಅಕ್ಕ ಕಿಟಕಿಯ ಸರಳಿಗೆ ತಲೆ ಆನಿಸಿ ಕೂತಿದ್ದಳು.

ನನ್ನ ಮನೆಗೆ ಬಾ ಎಂದೆ. ಒಲ್ಲೆ ಎಂದಳು. ಅವಳ ಮನೆಯಲ್ಲಿ ಒಲೆಯಿಂದ ಬಚ್ಚಲಿಗೆ, ಬಚ್ಚಲಿಂದ ಕಟ್ಟೆಗೆ ಗೋಡೆ ಹಿಡಿದು ಅವಳೇ ಓಡಾಡುತ್ತಾಳೆ. ನನ್ನದು ಮಾಳಿಗೆಯ ಮೇಲಿನ ಎರಡು ಕೋಣೆ, ಕಡಿದಾದ ಮೆಟ್ಟಿಲು. ಅಲ್ಲಿ ಅವಳನ್ನು ತಂದು ಕೂರಿಸಿದರೆ ಪಂಜರದಲ್ಲಿಟ್ಟಂತೆಯೇ. ಹೀಗಾಗಿ ಭಾನುವಾರ ನಾನೇ ಹೋಗುತ್ತೇನೆ. ಅಂಗಡಿಯಲ್ಲಿ ಉಳಿದ ಬಟ್ಟೆಯ ಚೂರುಗಳನ್ನು ಚೀಲದಲ್ಲಿ ತುಂಬಿಕೊಂಡು ಹೋಗುತ್ತೇನೆ. ಅವಳು ಒಂದೊಂದನ್ನೇ ಉಜ್ಜಿ ನೋಡಿ, ಇದು ರೇಷ್ಮೆ, ಯಾರದೋ ಮದುವೆ, ಇದು ಮೆತ್ತಗಿದೆ, ಬಾಣಂತಿಯದು ಎನ್ನುತ್ತಾಳೆ. ಮುನಿಸು ಮೇಲ್ನೋಟಕ್ಕೆ ಹೋಗಿದೆ. ಆದರೆ ಕೌದಿಯ ಕೆಳಗೆ ಅವಳ ಕೈ ಮೊದಲಿನ ಹಾಗೆ ಓಡಿಬರುವುದಿಲ್ಲ. ನಾನು ಹುಡುಕಿಕೊಂಡು ಹೋಗಿ ಹಿಡಿಯಬೇಕು.

ಮೊಬೈಲ್ ಅಂಗಡಿಗೆ ಹೋಗಿ ನಡುಗುವುದನ್ನು ಬದಲಿಸಿ ಎಂದು ಕೇಳಿದ್ದು ಇದಾದ ಮೇಲೆ. ಅಲ್ಲಿ ಆಗದಿದ್ದಾಗ ಸೊಸೆಯೇ ಏನೋ ಒತ್ತಿ, ನನ್ನ ನಂಬರೊಂದನ್ನು ಬಿಟ್ಟು ಬೇರೆ ಯಾವ ಕರೆಗೂ ಅಲುಗಾಡದಂತೆ ಮಾಡಿದಳು. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದಂತಾಯಿತು. ಬಾಗಿಲೇನೋ ಬಿತ್ತು. ಆದರೆ ಈಗ ಬಾಗಿಲು ಬಡಿಯುವವಳು ನಾನೊಬ್ಬಳೇ ಎಂದು ಅಕ್ಕನಿಗೆ ನಂಬಿಸುವುದು ಹೇಗೆ? ಹೇಳಿದ್ದೇನೆ. ಹೂಂ ಎಂದಿದ್ದಾಳೆ. ಅವಳ ಹೂಂ ನನಗೆ ಗೊತ್ತು.

ಸೊಸೆ ಮನೆಯಲ್ಲಿದ್ದರೆ ಒಂದು ಉಪಾಯವಿದೆ. ನನ್ನ ಮುಖ ಫೋನಿನಲ್ಲಿ ಕಂಡ ಕೂಡಲೇ ಅವಳು ಅಕ್ಕನ ಕಿವಿ ಹಿಡಿದು ಮೆಲ್ಲಗೆ ಎಳೆಯುತ್ತಾಳೆ. ಅಕ್ಕ ನಂಬುತ್ತಾಳೆ, ಕೈ ಬಿಚ್ಚುತ್ತಾಳೆ. ಸೊಸೆ ಶಾಲೆಗೆ ಹೋದ ಹೊತ್ತಿನಲ್ಲಿ ಆ ಉಪಾಯವೂ ಇಲ್ಲ. ಕರೆ ಮಾಡಬೇಡ ಎಂದುಕೊಳ್ಳುತ್ತೇನೆ. ಆದರೂ ಮಧ್ಯಾಹ್ನ ಗಿರಾಕಿ ಕಡಿಮೆಯಾದಾಗ ನನ್ನ ಬೆರಳು ತಾನೇ ಹೋಗಿ ಒತ್ತುತ್ತದೆ.

ನಿನ್ನೆಯೂ ಒತ್ತಿದೆ. ಎತ್ತಿದಳು. ಗೋಡೆ ಹಿಡಿದು ಕಟ್ಟೆಗೆ ಬಂದು, ಕೊಡ ಹುಡುಕಿ, ಅದಕ್ಕೆ ಫೋನನ್ನು ಆನಿಸಿದಳು. ನನಗೆ ಎಲ್ಲ ಕಾಣುತ್ತಿತ್ತು. ಅವಳ ಹಣೆಯ ಬೆವರು, ಸೆರಗಿನ ಹರಿದ ಅಂಚು, ಹಿಂದೆ ಒಣಹಾಕಿದ ಕೌದಿ. ಗುಬ್ಬಿಯ ಚಿಲಿಪಿಲಿ ಕೂಡ ಕೇಳುತ್ತಿತ್ತು. ಅವಳು ಮುಖವನ್ನು ಫೋನಿಗಿಂತ ತುಸು ಪಕ್ಕಕ್ಕೆ, ಬೆಳಕಿನ ಕಡೆಗೆ ತಿರುಗಿಸಿ, ತನ್ನ ಕಿವಿಯ ತುದಿ ಹಿಡಿದು ಎಳೆದಳು. ಆಮೇಲೆ ಕೈಯನ್ನು ಮೇಲ್ಮುಖವಾಗಿ ತಿರುಗಿಸಿದಳು.

ನೀನಾ?

ನಾನು ಹೊಲಿಗೆ ಬಿಟ್ಟು ಎರಡೂ ಕೈಯಿಂದ ನನ್ನ ಕಿವಿ ಹಿಡಿದು ಎಳೆದೆ. ನಾನೇ, ನಾನೇ. ಅವಳು ಕಾದಳು. ಮತ್ತೆ ಎಳೆದು ಕೇಳಿದಳು. ನಾನೂ ಮತ್ತೆ ಎಳೆದೆ. ಕೇಳಲಾರಳು ಎಂದು ಗೊತ್ತಿದ್ದೂ ಅಕ್ಕಾ ಎಂದು ಕೂಗಿದೆ. ಇನ್ನೂ ಸ್ವಲ್ಪ ಕಾದು, ಅವಳು ಫೋನನ್ನು ತೆಗೆದು ಉಡಿಯಲ್ಲಿ ಹಾಕಿಕೊಂಡಳು. ಕರೆ ಇನ್ನೂ ನಡೆದೇ ಇತ್ತು. ಗಾಜು ಕತ್ತಲಾಯಿತು. ಒಳಗಿನಿಂದ ಸೀರೆಯ ಸರಸರ ಮಾತ್ರ ಬರುತ್ತಿತ್ತು.

ಕುಬಸದ ಅಳತೆ ಕೊಡಲು ಬಂದ ಮಂಠಾಳದ ಹೆಣ್ಣುಮಗಳೊಬ್ಬಳು ಯಾವಾಗಿನಿಂದಲೋ ಬಾಗಿಲಲ್ಲಿ ನಿಂತು ನನ್ನನ್ನು ನೋಡುತ್ತಿದ್ದಳು.

"ಯಾಕ್ರಿ ಟೇಲರ್ ಬಾಯಿ, ಕಿವಿ ಹಿಡಕೊಂಡು ಕುಂತೀರಿ? ನೋಯಾಕತ್ತದೇನ್ರಿ?" ಎಂದಳು.

"ಹೌದ್ರಿ, ನೋಯಾಕತ್ತದ," ಎಂದೆ.